ಈ ಸಲ ಬಂದ ಅಂಕ

ಕಿಂಗ್‌ಸ್ಟನ್ ಊರಿನ ಐಸ್ ಹಾಕಿ ಅಂಗಳದಲ್ಲಿ, ಸ್ಕೇಟ್ ಬೂಟಿನ ಬ್ಲೇಡಿಗೆ ಸಾಣೆ ಹಿಡಿಯುವವನ ಮುಂದಿನ ಸಾಲಿನಲ್ಲಿ ಐಲೀನ್ ಮಗಳ ಸ್ಕೇಟ್ ಹಿಡಿದು ನಿಂತಿದ್ದಳು. ಅವಳ ಮುಂದಿದ್ದವರು ಊರಿನ ವೃತ್ತಿಪರ ಮಹಿಳಾ ತಂಡದ ಇಬ್ಬರು: ಮಗಳ ಕೋಣೆಯ ಗೋಡೆ ಮೇಲೆ ಚಿತ್ರವಾಗಿರುವ ಮಾರ್ಗೋ, ಮತ್ತು ಗೋಲ್ ಕಾಯುವ ಶೀನಾ.

“ಡಾಕ್ಟರು ಏನಂದ್ರು?” ಎಂದು ಶೀನಾ ಮಾರ್ಗೋಳನ್ನು ಕೇಳಿದಳು.

“ತಲೆಗೆ ಏನೂ ಆಗಿಲ್ವಂತೆ. ನಾಳೆ ಆಡಬಹುದಂತೆ.”

“ಅದ್ಹೆಂಗೆ? ಶನಿವಾರ ತಲೆ ಬಡಿದು ಬಿದ್ದೋಳು, ಇನ್ನೂ ದೀಪ ನೋಡಕ್ಕಾಗ್ತಿಲ್ಲ ನಿಂಗೆ.”

“ಜ್ಞಾಪಕದ ಪರೀಕ್ಷೇಲಿ, ಸೀಸನ್ ಶುರುವಲ್ಲಿ ಎಷ್ಟು ಅಂಕ ಬಂದಿತ್ತೋ ಈಗಲೂ ಅಷ್ಟೇ ಬಂತು.”

“ಆವಾಗ ಬೇಕಂತಲೇ ತಪ್ಪು ಉತ್ತರ ಕೊಟ್ಟಿದ್ಯಲ್ಲೇ.”

“ನೀನೂ ಕೊಟ್ಟಿದ್ದೆ. ಎಲ್ರೂ ಕೊಡ್ತೀವಿ. ಮುಂದೆ ಪೆಟ್ಟು ಬಿದ್ದು ಅಂಕ ಕಮ್ಮಿಯಾದ್ರೂ ಗೊತ್ತಾಗಬಾರದು ಅಂತ ತಾನೆ?”

“ಹೋಗಿ ನಿಜ ಹೇಳಿಬಿಡು.”

“ಹೇಳಿದ್ರೆ ಮನೆಗೆ ಕಳಿಸ್ತಾರೆ. ಈ ವಯಸ್ಸಲ್ಲಿ ಇನ್ಯಾವ ತಂಡ ಕರೆಯುತ್ತೆ ನನ್ನ?”

ಸಾಲು ಸರಿದಾಗ ಶೀನಾ ಅವಳನ್ನು ಮುಂದಕ್ಕೆ ಬಿಟ್ಟಳು.

“ಈ ಸಲ ಬೇಕಂತ ತಪ್ಪು ಮಾಡ್ಲಿಲ್ಲ ಕಣೆ,” ಎಂದಳು ಮಾರ್ಗೋ. “ಗಮನ ಇಟ್ಟು, ನಿಧಾನಕ್ಕೆ ಯೋಚನೆ ಮಾಡಿ ಉತ್ತರ ಕೊಟ್ಟೆ. ಆದ್ರೂ ಅದೇ ಅಂಕ.”

ಸಾಣೆಯವನು ಅವಳ ಸ್ಕೇಟ್ ತೆಗೆದುಕೊಂಡ.

“ಗೀರು ಎಷ್ಟು ಆಳ ಇರಲಮ್ಮ?”

ತನ್ನ ಬ್ಲೇಡಿನ ಅಡಿಯ ಗೀರು ಎಷ್ಟು ಆಳವಿರಬೇಕೆಂಬುದು ಐಲೀನಳ ಪುಟ್ಟ ಮಗಳಿಗೂ ಬಾಯಿಪಾಠ. ಮಾರ್ಗೋ ಶೀನಾಳ ಕಡೆ ತಿರುಗಿದಳು.

“ನಂದು ಎಷ್ಟೇ?”

ಶೀನಾ ಹೇಳಿದಳು. ಸಾಣೆಯಾದ ಸ್ಕೇಟ್‌ಗಳನ್ನೂ ಅವಳೇ ಹೆಗಲಿಗೆ ಹಾಕಿಕೊಂಡಳು. ಆಮೇಲೆ ಮಾರ್ಗೋಳ ಮೊಣಕೈ ಹಿಡಿದು, ಬಾಗಿಲು ಎಲ್ಲಿದೆಯೆಂದು ತೋರಿಸಿ ಕರೆದುಕೊಂಡು ಹೋದಳು.