ತನ್ನ ಬುಡ ಕಾಣದ ಯಂತ್ರ

ಒಂದೂರಲ್ಲಿ ಒಬ್ಬ ಶ್ರೀಮಂತ ಇದ್ದ. ಎಲ್ಲ ಪ್ರವಚನದಲ್ಲೂ ಇರುತ್ತಾನೆ, ಇವನೂ ಇದ್ದ. ಮುಂದಿನ ಸಾಲಿನವರು ಸುಮ್ಮನೆ ಮೈಮೇಲೆ ಹಾಕಿಕೊಳ್ಳಬೇಡಿ. ಊರಿಗೆಲ್ಲ ಇಂಟರ್ನೆಟ್ ಕೊಡುವುದು ಇವನ ವ್ಯಾಪಾರ. ಕೂದಲೆಳೆಯಷ್ಟು ಸಣ್ಣ ಗಾಜಿನ ತಂತಿ, ಅದರೊಳಗೆ ಬೆಳಕು ಓಡುತ್ತದೆ, ಆ ಬೆಳಕಿನಲ್ಲೇ ನಿಮ್ಮ ಮೊಬೈಲಿನ ಸುದ್ದಿಯೆಲ್ಲ ಓಡುತ್ತದೆ. ತಂತಿಯ ಒಂದು ತುದಿ ಶ್ರೀಮಂತನ ಮನೆಯಲ್ಲಿ, ಇನ್ನೊಂದು ತುದಿ ಊರಾಚೆ ಅವನ ತಮ್ಮನ ಮನೆಯಲ್ಲಿ.

ಒಂದು ದಿನ ಆ ಬೆಳಕು ಮಂಕಾಯಿತು. ಊರೆಲ್ಲ ಬೈಯತೊಡಗಿತು. ಶ್ರೀಮಂತ ಬಿಟ್ಟಾನೆಯೇ? ಓಟಿಡಿಆರ್ ಎಂಬ ಯಂತ್ರ ತರಿಸಿದ. ಅದನ್ನು ತಂತಿಯ ತುದಿಗೆ ಸಿಕ್ಕಿಸಿದರೆ ಒಳಗೆ ಬೆಳಕು ಬಿಡುತ್ತದೆ; ವಾಪಸ್ ಬಂದ ಬೆಳಕನ್ನು ನೋಡಿ, ಇಂಥ ಕಡೆ ದೋಷವಿದೆ ಎಂದು ಪರದೆಯ ಮೇಲೆ ಗೆರೆ ಎಳೆದು ತೋರಿಸುತ್ತದೆ; ಗೆರೆ ಕುಸಿದಲ್ಲಿ ಬೆಳಕು ಸೋರಿದೆ ಅಂತ ಲೆಕ್ಕ. ಎಂಥಾ ಯಂತ್ರ ನೋಡಿ! ಮನೆಯಲ್ಲೇ ಕೂತು ಊರವರ ದೋಷವೆಲ್ಲ ಕಾಣಬಹುದು. ನಮಗೆ ಯಂತ್ರವಿಲ್ಲದೆಯೇ ಕಾಣುತ್ತದೆ, ಆ ಮಾತು ಬೇರೆ.

ತನ್ನ ಮನೆಯ ತುದಿಗೆ ಹಚ್ಚಿ ನೋಡಿದ. ಗೆರೆ ತಮ್ಮನ ಅಂಗಳದ ಹತ್ತಿರ ಒಂದಿಷ್ಟು ಕುಸಿದಿತ್ತು. ಅಲ್ಲಿ ನೆಲದಡಿ ತಂತಿಗೆ ಬೆಸುಗೆ ಇದೆ. ಬೆಸುಗೆ ಇದ್ದಲ್ಲಿ ಅಷ್ಟು ಕುಸಿಯುವುದು ಸಹಜ. ಆದರೆ ತಮ್ಮನ ತಪ್ಪು ಕೈಗೆ ಸಿಕ್ಕಾಗ ಸಹಜ ಅನ್ನುವವರುಂಟೇ? ಆಳುಗಳ ಕೈಗೆ ಗುದ್ದಲಿ ಕೊಟ್ಟು ಹೊರಟ.

ತಮ್ಮನ ಹೆಂಡತಿ ಕೈ ಮುಗಿದಳು. "ಭಾವಾರ, ನಾಳೆ ಇದ ಅಂಗಳದಾಗ ಮಗಳ ನಿಶ್ಚಯ ಐತ್ರಿ. ಇವತ್ತೊಂದಿನ ಬಿಡ್ರಿ."

ತಮ್ಮ ಹೇಳಿದ, "ಅಣ್ಣಾ, ಒಮ್ಮೆ ನಮ್ಮ ತುದಿಯಿಂದನೂ ಮಷೀನ್ ಹಚ್ಚಿ ನೋಡೋಣು."

"ನನಗ ಕಲಿಸಾಕ ಬರ್ತಿಯೇನ್ಲೇ? ಅಗೀರಲೇ!" ಎಂದ ಅಣ್ಣ.

ಅಗೆದರು. ಬೆಸುಗೆ ಹೊಸದಾಗಿ ಹಾಕಿದರು. ಬೆಳಕು ಮಂಕಾಗಿಯೇ ಇತ್ತು. ಕೊನೆಗೆ ಬೇರೆ ದಾರಿಯಿಲ್ಲದೆ ತಮ್ಮನ ತುದಿಗೆ ಯಂತ್ರ ಹಚ್ಚಿದ. ಗೆರೆ ಊರೆಲ್ಲ ದಾಟಿ ನೆಟ್ಟಗೆ ಹೋಯಿತು, ಹೋಗಿ ದೊಪ್ಪನೆ ಬಿತ್ತು. ಎಲ್ಲಿ? ಶ್ರೀಮಂತನ ಪಡಸಾಲೆಯಲ್ಲಿ! ಹಾರ ಹಾಕಿಸಿಕೊಂಡು ನಗುತ್ತಿರುವ ಅವನ ಸನ್ಮಾನದ ಫೋಟೋ ಇದೆಯಲ್ಲ, ಅದರ ಚೌಕಟ್ಟಿನ ಹಿಂದೆ ತಂತಿ ಮಡಿಚಿ ಸಿಕ್ಕಿಕೊಂಡಿತ್ತು.

ಅಷ್ಟು ದೊಡ್ಡ ಯಂತ್ರಕ್ಕೆ ಅದು ಯಾಕೆ ಕಾಣಲಿಲ್ಲ? ನೋಡಿ, ಬೆಳಕು ಬಿಟ್ಟ ಕ್ಷಣ ಆ ಯಂತ್ರಕ್ಕೆ ತನ್ನ ಬೆಳಕೇ ಕಣ್ಣು ಕುಕ್ಕುತ್ತದೆ. ದೂರದ್ದೆಲ್ಲ ಕಾಣುತ್ತದೆ, ಕಾಲಬುಡದ್ದು ಕಾಣುವುದಿಲ್ಲ. ಅದನ್ನು ಕಾಣಬೇಕಾದರೆ ಎದುರು ತುದಿಗೆ ಹೋಗಬೇಕು.

ಗೋಡೆಯಿಂದ ಫೋಟೋ ತೆಗೆದನೇ? ಛೇ! ತಂತಿಯನ್ನೇ ಬೇರೆ ಗೋಡೆಗೆ ಹಾಕಿಸಿದ. ಬೆಳಕು ಬಂತು. ನಿಶ್ಚಯ ಬೀಗರ ಮನೆಯಲ್ಲಿ ಆಯಿತು. ದೊಡ್ಡಪ್ಪನಿಗೆ ಕರೆ ಬರಲಿಲ್ಲ. ಅದೇ ತಂತಿಯಲ್ಲಿ ತಮ್ಮನಿಗೆ ಫೋನ್ ಮಾಡಿದ. ತಮ್ಮ ಎತ್ತಲಿಲ್ಲ. 

ನಗುತ್ತೀರಿ. ತಾಯಂದಿರೇ, ಅಣ್ಣಂದಿರೇ, ನಮ್ಮೆಲೆಯಲ್ಲಿ ಹೆಗ್ಗಣ ಸತ್ತುಬಿದ್ದಿದ್ದರೂ ಪಕ್ಕದೆಲೆಯ ನೊಣ ಕಂಡಿಲ್ಲವೇ? ಇವತ್ತು ಊಟಕ್ಕೆ ಕೂತಾಗ ಎದುರಿಗಿದ್ದವರನ್ನು ಕೇಳಿ: ನನ್ನಲ್ಲಿ ನಿಮಗೆ ಏನು ತಪ್ಪು ಕಾಣುತ್ತದೆ? ಕೇಳಿದ ಕೂಡಲೇ ನಿಮ್ಮ ಬಾಯಿಗೆ ರೊಟ್ಟಿಯ ದೊಡ್ಡ ತುತ್ತೊಂದು ಇಟ್ಟುಕೊಳ್ಳಿ. ಅವರ ಮಾತು ಮುಗಿಯುವ ತನಕ ನುಂಗಬೇಡಿ.

ಏನವ್ವಾ ನೀಲಗಂಗವ್ವಾ, ಕೈ ಎತ್ತಿದಿ?

"ಅಪ್ಪಾರ, ನಮ್ಮ ಮನಿಯವರು ಇಲ್ಲೇ ಕುಂತಾರ್ರಿ. ಈಗ ಚಾಲೂ ಮಾಡ್ಲೇನ್ರಿ?"

ಮನೆಗೆ ಹೋಗಿ ಮಾಡವ್ವ, ಇಲ್ಲಿ ಮಂದಿಗೆ ಪ್ರಸಾದ ಆಗಬೇಕು.

ಇನ್ನು, ನೀವು ಅಗೆದು ಬಂದ ಅಂಗಳ ಒಂದಾದರೂ ಇರುತ್ತದೆ. ನಾಳೆ ಬೆಳಗ್ಗೆ ಅಲ್ಲಿಗೆ ಹೋಗಿ. ಸಮಜಾಯಿಷಿ ಹೊತ್ತುಕೊಂಡು ಹೋಗಬೇಡಿ. ಒಂದು ಬುಟ್ಟಿ ಮಣ್ಣು ಹೊತ್ತುಕೊಂಡು ಹೋಗಿ, ಗುಂಡಿ ಮುಚ್ಚಿ, ಆಮೇಲೆ ಬಾಗಿಲು ತಟ್ಟಿ.