ಉಪ್ಪು ಬಂಗಡೆ ಭರಣಿಯ ರೂಪಾಯಿ

ರಾತ್ರಿ ಹತ್ತೂವರೆ. ಅಂಕೋಲೆ ಕಡೆಯಿಂದ ಬಂದ ಕಡೇ ಬಸ್ಸು ವಿನೋದನ್ನ ಮಂಜಗುಣಿ ತಿರುವಲ್ಲಿ ಇಳಿಸಿ ಹೋಯ್ತು. ನಮ್ಮ ಗೋಡೆಗೆ ಗೋಡೆ ತಾಗಿದ ಮನೆಯವ, ದೋಣಿಗೆ ಹೋಗೋವ. ಕೈಲೊಂದು ಪ್ಲಾಸ್ಟಿಕ್ ಚೀಲ, ಅದರೊಳಗೆ ಒಂದಿಷ್ಟು ಹಳೇ ಬೆಳ್ಳಿ ರೂಪಾಯಿ. ಅದರ ನಾತ... ಥೂ! ಕಂಡಕ್ಟರು ಇವನ್ನ ಹಿಂದಿನ ಸೀಟಿಗೆ ಅಟ್ಟಿದ್ನಂತೆ.

ನಾತ ಇರದೆ ಏನು? ಅವನ ಆಯಿ ನಾಗಿ ಅದನ್ನ ಬಚ್ಚಿಟ್ಟದ್ದು ಉಪ್ಪು ಬಂಗಡೆ ಭರಣಿ ತಳದಲ್ಲಿ. ಯಾವ ಕಳ್ಳ ಅಲ್ಲಿ ಕೈ ಹಾಕ್ತ? ಸಾಯುವಾಗ ಮಗನ ಕೈ ಹಿಡ್ಕಂಡು, "ಭರಣಿಲಿ ಇದ್ದದ್ದು ಕಾಮಿಗೆ ಕೊಡು ತಮ್ಮಾ" ಅಂದಿತ್ತು. ಕಾಮಿ ಇವನ ತಂಗಿ, ಕಿನ್ನರ ಊರಿಗೆ ಕೊಟ್ಟದ್ದು, ಪಾಪ, ಈಗ ಗಂಡ ಇಲ್ಲ. ಇವ "ಹೌದು ಆಯಿ" ಅಂದ.

ದಿನ ಕಾರ್ಯ ಮುಗೀತು. ಭರಣಿ ಬಗ್ಗಿಸ್ದ. ಕೊಳೆತ ಮೀನಿನ ಕಪ್ಪು ರಾಡಿ... ಮೊಣಕೈ ತನಕ ಕೈ ಇಳಿಸಿ ರೂಪಾಯಿ ಬಾಚಿದ, ಮಾರಾಯ್ರೆ! ಆಮೇಲೆ ತಂಗಿಗೆ ಫೋನು. "ಬರೀ ಹಾಳಾದ ಮೀನು ಮಾರಾಯ್ತಿ, ಹೊಳಿಗೆ ಚೆಲ್ದೆ."

ಹುಣಸೆ, ಬೂದಿ, ಸೋಪಿನ ಪುಡಿ... ಎಷ್ಟು ತಿಕ್ಕಿದ್ರೂ ನಾತ ಹೋಗಲಿಲ್ಲ. ಮಾರೋಕೆ ಹೋದ್ರೆ ಅಂಕೋಲೆ ಬೆಳ್ಳಿ ಅಂಗಡಿ ಶೇಟರು ಮೂಗು ಮುಚ್ಕಂಡು, "ಮೊದ್ಲು ಹೊರಗೆ ನಡಿ" ಅಂದ್ರಂತೆ.

ಹಂಗೇ ವಾಪಸ್ ಬಂದು, ಆ ಕಡೇ ಬಸ್ಸಿಳಿದು ಮನೆಗೆ ನಡೀತಿದ್ದ. ಆಲದ ಮರದ ಬುಡದ ಬಾವಿ ಹತ್ರ... ಹಿಂದೆ ಸದ್ದು. ಚಪ್... ಚಪ್... ಒದ್ದೆ ಕಾಲಿಂದು. ಇವ ನಿಂತ. ಅದೂ ನಿಂತಿತು. ಆಮೇಲೆ ಕರ್... ಕರ್... ಕತ್ತಿಯಲ್ಲಿ ಮೀನಿನ ಸಿಪ್ಪೆ ಕೆರೆದ ಹಂಗೆ, ಕಿವಿ ಬುಡದಲ್ಲೇ.

"ತಮ್ಮಾ... ಭರಣಿ ಚೆಲ್ದ್ಯಾ?"

"ಹ್ಞೂಂ ಆಯಿ... ಹೊಳಿಗೆ."

ಸತ್ತವರ ಹತ್ರನೂ ಸುಳ್ಳು ನೋಡಿ!

"ಕೈ ತೋರ್ಸು."

ಕೈ ತಾನಾಗೇ ಮುಂದೆ ಹೋಯ್ತಂತೆ. ತಣ್ಣಗೆ, ಲೋಳೆ ಲೋಳೆ, ಏನೋ ಒಂದು ಅಂಗೈ ಮೂಸ್ತು... ಬೆರಳು ಬೆರಳೂ ನೆಕ್ಕಿತು. ಸಾವಕಾಶ. ಇವ ಅಲ್ಲೇ ವಾಂತಿ ಮಾಡ್ಕಂಡು ಓಡಿದ.

ಬೆಳಕು ಹರಿಯೋಕೂ ಮೊದ್ಲು ಕಿನ್ನರಕ್ಕೆ ಹೊಂಟ. ಚೀಲದ ರೂಪಾಯೆಲ್ಲ ಕಾಮಿ ಮಡಿಲಿಗೆ ಸುರಿದು, "ನಾತಕ್ಕೆ ಬೇಜಾರು ಮಾಡ್ಬೇಡ, ಆಯಿ ಇಟ್ಟದ್ದು" ಅಂದ.

ಕಾಮಿ ಒಂದು ರೂಪಾಯಿ ಮೂಗಿಗೆ ಹಿಡಿದು ನೋಡ್ತು. "ಎಂತಾ ನಾತವೋ ಅಣ್ಣಾ? ಏನೂ ಇಲ್ವಲ್ಲ."

ಇದು ಅವನ ಹೆಂಡತಿ ಪೂರ್ಣಿಮಾ ಅತ್ಕಂಡು ಹೇಳಿದ್ದು. ಅದನ್ನ ನಂಬಬೇಡಿ ಬೇಕಾದ್ರೆ. ನಾ ಕಂಡದ್ದು ಕೇಳಿ. ಮೊನ್ನೆ ಅವ ದೋಣಿಯಿಂದ ಬಂದವ ಒಂದು ತಾರ್ಲೆ ಮೀನು ಅದೇ ಕೈಲಿ ನಮ್ಮ ಬೆಕ್ಕಿಗೆ ಎಸೆದ. ಹಸಿ ಹಸೀದು. ಬೆಕ್ಕು ಮೂಸ್ತು... ಬೆನ್ನಿನ ಕೂದಲು ನಿಮಿರಿಸಿ ಹಿಂದೆ ಹಿಂದೆ ಸರೀತು. ಕಾಗೆನೂ ಮುಟ್ಟಲಿಲ್ಲ. ಸಂಜೆ ತನಕ ಬಿಸಿಲಿಗೆ ಅಂಗಳದಲ್ಲೇ ಬಿದ್ದಿತ್ತು. ದೇವರಾಣೆ, ಅದರ ಮೇಲೆ ಒಂದು ನೊಣನೂ ಕೂರಲಿಲ್ಲ.