ಎಲೆನಿ ಹೆಣವಾಗಿ ಮಲಗಿದ್ದಾಗ

ಅಲ್ಲ ಕಣೋ, ನಿನ್ನ ಕಾಲು ನಂಗೆ ತಾಗಿತು, ಕೈ ಅರ್ಧದವರೆಗೂ ಬಂತು, ಆಮೇಲೆ ಫ್ರೆಂಡ್ ನೋಡ್ತಿದ್ದಾನೆ ಅಂತ ಜೇಬಿಗೆ ಹಾಕ್ಕೊಂಡೆ. ನೋಡ್ದೆ ನಾನು. ಅಜ್ಜಿ ಬೈಯಲ್ಲ, ಕೂತ್ಕೋ. ನಾನೂ ಹಾಗೇ ಒಂದ್ಸಲ ನಾಚ್ಕೊಂಡು ಏನು ಮಾಡಿದೆ ಗೊತ್ತಾ, ನಿಮ್ಮಪ್ಪಂಗೂ ಹೇಳಿಲ್ಲ ಅದನ್ನ. ತಾತಂಗೆ ಯೂನಿವರ್ಸಿಟೀಲಿ ರಿಸರ್ಚ್ ಕೆಲಸ ಅಂತ ಸ್ವೀಡನ್ನಿಗೆ, ಈ ಗೋಥೆನ್‌ಬರ್ಗಿಗೆ ಬಂದ ಹೊಸದು, ಬೆಂಗಳೂರಲ್ಲಿ ಟೀಚರ್ ಆಗಿದ್ದೋಳು ನಾನು, ಇಲ್ಲಿ ಭಾಷೆ ಬರಲ್ಲ, ನೀನು ಚಿಕ್ಕೋನಿದ್ದಾಗ ಹೋಗ್ತಿದ್ಯಲ್ಲ, ಮಕ್ಕಳನ್ನ ನೋಡ್ಕೊಳ್ಳೋ ದಾಗಿಸ್, ಅಂಥದ್ದೊಂದರ ಅಡುಗೆಮನೇಲಿ ಪಾತ್ರೆ ತೊಳೀತಿದ್ದೆ. ಊರಿಗೆ ಫೋನ್ ಮಾಡಿದ್ರೆ ಅಮ್ಮಂಗೆ "ಮಕ್ಕಳ ಸ್ಕೂಲಲ್ಲಿ ಕೆಲಸ" ಅಂತಿದ್ದೆ, ಅಷ್ಟು ನಾಚಿಕೆ.

ಅಲ್ಲೇ ಎಲೆನಿ ಸಿಕ್ಕಿದ್ದು. ಗ್ರೀಸಿನೋಳು, ನನ್ನ ತಾಯಿ ವಯಸ್ಸು, ಅವರು ಅನ್ಬೇಕು, ಆದ್ರೆ ಇಲ್ಲಿ ಎಲ್ರನ್ನೂ ಹೆಸರು ಹಿಡಿದೇ ಕರೀತಾರಲ್ಲ. ಅವರೂರಲ್ಲಿ ಅವಳು ದೊಡ್ಡ ಹಾಸ್ಯನಟಿ, ನಾಟಕ ತಾನೇ ಬರೆದು ತಾನೇ ಆಡ್ತಿದ್ಲಂತೆ, ಬೀದೀಲಿ ಜನ ನಿಲ್ಲಿಸಿ ಡೈಲಾಗ್ ಹೇಳಿಸ್ತಿದ್ರಂತೆ. ಆಮೇಲೆ ಅಲ್ಲಿ ಥಿಯೇಟರ್ ಮುಚ್ಚಿ, ಮಗಳ ಹತ್ರ ಇಲ್ಲಿಗೆ ಬಂದು, ನನ್ನ ಪಕ್ಕ ಕೂತು ಆಲೂಗೆಡ್ಡೆ ಸಿಪ್ಪೆ ತೆಗೀತಿದ್ಲು. ಒದ್ದಾಡಿ ಒದ್ದಾಡಿ ಸ್ವೀಡಿಷಲ್ಲಿ ಒಂದು ನಾಟಕ ಬರೆದ್ಲು. ಸೊಸೆ ಏನು ಮಾಡ್ತಾಳೆ ನೋಡೋಣ ಅಂತ ಅತ್ತೆ ಸತ್ತ ಹಾಗೆ ಮಲಗೋದು. ಅತ್ತೆ ಅವಳು, ಸೊಸೆ ನಾನು. "ನಂಗೆ ಬರಲ್ಲ ಎಲೆನಿ" ಅಂದೆ. "ನಿಂಗೆ ಮಾತೇ ಇಲ್ಲ, ಕಾಲಲ್ಲಿ ತಿವಿದು ಸತ್ತಿದ್ದೀನಾ ನೋಡು, ಅಷ್ಟೇ. ಇದೂ ನಡೀಲಿಲ್ಲ ಅಂದ್ರೆ ನಾನಿನ್ನು ಬರೆಯಲ್ಲ, ಆಲೂಗೆಡ್ಡೆನೇ ಗತಿ" ಅಂದ್ಲು. ಪ್ರಾಕ್ಟೀಸಲ್ಲಿ ದಿಂಬು ಇಟ್ಕೊಂಡು ತಿವೀತಿದ್ದೆ, ಏನೂ ತೊಂದರೆ ಇರಲಿಲ್ಲ.

ನಾಟಕದ ದಿನ ಮುಂದಿನ ಸಾಲಲ್ಲಿ ನಮ್ಮ ಕನ್ನಡದೋರು, ತಾತನ ಪ್ರೊಫೆಸರು, ಎಲ್ಲಾ. ಹೋದೆ, ತಿವಿದೆ. ತಿವಿದೆನೋ ಇಲ್ವೋ, ಕೈ ತಾನಾಗೇ ಹೋಗಿ ಅವಳನ್ನ ಮುಟ್ಟಿ ಕಣ್ಣಿಗೆ ಒತ್ತಿಕೊಂಡುಬಿಡ್ತು. ಅದೂ ಎರಡು ಕಣ್ಣಿಗೂ. ಸಭೆಗೆ ಸಭೆಯೇ ನಕ್ಕಿತು. ಭೂಮಿ ಬಾಯಿ ಬಿಡಬಾರದಾ ಅನ್ನಿಸ್ತು ನಂಗೆ. ನಮ್ಮನೆ ಪದ್ಧತೀನ ಆಡ್ಕೊಂಡು ನಗ್ತಿದ್ದಾರೆ ಅಂತ, ಸೀರೆ ನೆರಿಗೆ ಹಿಡ್ಕೊಂಡು ಒಳಗೆ ಓಡಿಬಿಟ್ಟೆ. ಪರದೆ ಹಿಂದಿಂದ ನೋಡ್ತೀನಿ, ಎಲೆನಿ ಕಾಯ್ತಾಳೆ, ಒಂದು ಕಣ್ಣು ತೆಗೀತಾಳೆ, ನಾನಿಲ್ಲ. ನಗು ನಿಂತೋಯ್ತು, ಯಾರೋ ಕೆಮ್ಮಿದ್ರು. ಜೀವಮಾನ ಪೂರ್ತಿ ಜನರನ್ನ ನಗಿಸಿದ ಮುಖ ಅದು, ಹೆದರಿತ್ತು ಕಣೋ. ಆಮೇಲೆ ಮೆಲ್ಲಗೆ ಎದ್ದು ಕೂತು, "ಸತ್ತ ಮೇಲೆ ಇಷ್ಟು ಮರ್ಯಾದೆ ಕೊಡ್ತಾಳೆ ಅಂತ ಗೊತ್ತಿದ್ರೆ ಮೊದಲೇ ಸಾಯ್ತಿದ್ದೆ" ಅಂದ್ಲು. ಜನ ಬಿದ್ದು ಬಿದ್ದು ನಕ್ಕರು. ನನ್ನ ಪಾತ್ರಾನೂ ಅವಳೇ ಆಡಿ ಮುಗಿಸಿದ್ಲು.

ಬೈತಾಳೆ ಅಂತ ತಲೆ ತಗ್ಗಿಸಿ ನಿಂತಿದ್ದೆ. ಒಳಗೆ ಬಂದೋಳೇ ತನ್ನ ಕಾಲನ್ನ ನನ್ನ ಕಾಲಿಗೆ ತಾಗಿಸಿ, ಬಗ್ಗಿ ಮುಟ್ಟಿ, ಎರಡೂ ಕಣ್ಣಿಗೆ ಒತ್ಕೊಂಡ್ಲು. "ನಾನೆಷ್ಟು ಬರೆದ್ರೂ ಇದನ್ನ ಬರೆಯೋಕಾಗ್ತಿರಲಿಲ್ಲ" ಅಂದ್ಲು. ತಾಯಿ ವಯಸ್ಸಿನೋಳು, ನನ್ನ ಕಾಲು ಮುಟ್ಟಿದ್ಲಲ್ಲೋ. ಆಮೇಲೆ ಬೇರೆ ಹುಡುಗಿ ಇಟ್ಕೊಂಡು ಆ ನಾಟಕ ಊರೂರಲ್ಲಿ ಆಡಿದ್ಲು. ಆ ಹುಡುಗಿಗೆ ಕಣ್ಣಿಗೆ ಒತ್ಕೊಳ್ಳೋದು ಹೇಳ್ಕೊಡು ಬಾ ಅಂತ ಕರೆದ್ಲು, ಮುಖ ತೋರಿಸೋಕಾಗದೆ ನಾನು ಹೋಗಲಿಲ್ಲ. ನೆನೆಸ್ಕೊಂಡ್ರೆ ಈಗಲೂ ಮುಖ ಎಲ್ಲಿಟ್ಕೊಳ್ಳಲಿ ಅನ್ಸುತ್ತೆ. ನಗೋರು ನಗಲಿ ಕಣೋ, ನಿನ್ನ ನಂಬಿ ಮಲಗಿರೋರನ್ನ ಬಿಟ್ಟು ಓಡಬೇಡ. ಈಗ ಆ ಕೈ ಜೇಬಿಂದ ತೆಗಿ.